ಕ್ಲ್ಯಾಪ್‌ಗೆ ಮುಂಚಿನ ನಲವತ್ತು ಸೆಕೆಂಡು

ಜೂನ್ 3, ಸೋಮವಾರ

ಒಂಬತ್ತೂವರೆಗೆ ಎಡಿಟ್ ರೂಮು ತೆರೆದೆ. ಎ.ಸಿ. ಹಾಕಿದೆ. ನಮ್ಮ ಎಡಿಟರ್ ಸರ್ ಕುರ್ಚಿ ಒರೆಸಿದೆ. ಹಾರ್ಡ್ ಡಿಸ್ಕ್ ಜೋಡಿಸಿ ಕೂತೆ. ಶನಿವಾರದ ಶೂಟಿಂಗಿನದು ಮೂರು ಗಂಟೆ ಹತ್ತು ನಿಮಿಷ. ಚಿತ್ರಕ್ಕೂ ಸದ್ದಿಗೂ ಗಂಟು ಹಾಕುವುದು, ಅಂದರೆ ಸಿಂಕ್, ನನ್ನ ಕೆಲಸ. ಕ್ಲ್ಯಾಪ್ ಹಲಗೆ ಬಡಿದ ಫ್ರೇಮು ಹುಡುಕು, ‘ಟಪ್’ ಎಂಬ ಸದ್ದು ಹುಡುಕು, ಎರಡನ್ನೂ ಕೂಡಿಸು. ಮುಂದಿನದು. ಹನ್ನೊಂದು ವರ್ಷದಿಂದ ಇದೇ. ನಿದ್ದೆಯಲ್ಲೂ ಮಾಡುತ್ತೇನಂತೆ. ಮೊನ್ನೆ ಮಲಗಿದ್ದಲ್ಲೇ ಚಪ್ಪಾಳೆ ತಟ್ಟಿದೆ ಎಂದು ಇವರು ಸ್ಟಾಫ್ ರೂಮಿನಲ್ಲೆಲ್ಲ ಹೇಳಿಕೊಂಡು ಬಂದಿದ್ದಾರೆ. ಲೆಕ್ಕದ ಮೇಷ್ಟ್ರನ್ನು ಮದುವೆಯಾದರೆ ಇಷ್ಟೇ.

ಹನ್ನೊಂದಕ್ಕೆ ಸರ್ ಬಂದರು. ಕೂತರು. ಬಲಗಣ್ಣು ಉಜ್ಜಿಕೊಂಡರು. “ಈ ಮಾನಿಟರ್ ಮೂಲೇಲಿ ಕಪ್ಪಾಗಿದೆ, ಬದಲಾಯಿಸು,” ಎಂದರು. ಬದಲಾಯಿಸಿದೆ. “ಇದೂ ಕಪ್ಪು.” ಮೂರನೆಯದನ್ನು ತಂದಿಟ್ಟೆ. ಅದನ್ನೂ ಬೈದರು. ಮೂರು ಮಾನಿಟರ್ ಒಟ್ಟಿಗೆ ಕೆಡುವುದಿಲ್ಲ.

ಜೂನ್ 5

ಸರ್ ಬಲಗಣ್ಣಿನ ರೆಟಿನಾ ಬಿಟ್ಟುಕೊಂಡಿದೆ ಎಂದರು ಡಾಕ್ಟರು. ನಿನ್ನೆಯೇ ಆಪರೇಷನ್ ಆಯಿತು. ಇನ್ನು ಎರಡು ತಿಂಗಳು ಯಾವ ಸ್ಕ್ರೀನೂ ನೋಡುವಂತಿಲ್ಲ. ಟಿ.ವಿ. ಇಲ್ಲ, ಫೋನೂ ಇಲ್ಲ. ಮೂವತ್ತನಾಲ್ಕು ವರ್ಷ ಬರೀ ನೋಡುವುದನ್ನೇ ಕಸುಬು ಮಾಡಿಕೊಂಡ ಮನುಷ್ಯ ಡಾಕ್ಟರು ಹೇಳಿದ ಹಾಗೆ ಬೋರಲು ಮಲಗಿ ದಿಂಬಿಗೆ ಮಾತಾಡುತ್ತಿದ್ದರು.

“ನೀನೇ ಮಾಡು,” ಎಂದರು.

“ಏನು ಸರ್?”

“ಟೈಲರ್ ಪಿಕ್ಚರ್. ಇನ್ನೇನು. ಅಗ್ರಿಮೆಂಟಲ್ಲಿ ನನ್ನ ಹೆಸರಿದೆ, ಇರ್ಲಿ. ಕೆಲಸ ನೀನು ಮಾಡು.”

ಕೆಲಸ ನಾನು, ಹೆಸರು ಅವರು. ಹೊಸದೇನಲ್ಲ. ಹಿಂದಿನ ಆರು ಚಿತ್ರವೂ ಹಾಗೇ. ನನ್ನ ಹೆಸರು ಕೊನೆಯಲ್ಲಿ ಉರುಳುವ ಪಟ್ಟಿಯಲ್ಲಿ, ‘ಸಹಾಯಕರು’ ಕೆಳಗೆ ನಾಲ್ಕನೆಯದು. ಅಷ್ಟು ಹೊತ್ತಿಗೆ ಜನ ಸೀಟಿನಡಿ ಚಪ್ಪಲಿ ಹುಡುಕುತ್ತಿರುತ್ತಾರೆ. ಅಳು ಬಂತು. ಸರ್ ಕಣ್ಣಿಗೋ, ನನ್ನ ಹಣೆಬರಹಕ್ಕೋ, ವಿಚಾರಿಸಲು ಹೋಗಲಿಲ್ಲ.

ಜೂನ್ 6, ಮಧ್ಯಾಹ್ನ

ನಿರ್ಮಾಪಕರು ಬಂದರು. ಜೊತೆಗೆ ನಿರ್ದೇಶಕ. ಅವನಿಗೆ ನಾನಿಟ್ಟ ಹೆಸರು ಮಫ್ಲರ್. ಎಂಥ ಸೆಖೆಯಲ್ಲೂ ಕುತ್ತಿಗೆಗೆ ಸುತ್ತಿರುತ್ತಾನೆ, ಒಳಗೆ ಏನು ಅಡಗಿಸಿಟ್ಟಿದ್ದಾನೋ. ಮೊದಲ ಚಿತ್ರ. ಕಥೆ, ಮಾತು ಎಲ್ಲ ಅವನದೇ. ಕಥೆ ಚೆನ್ನಾಗಿದೆ: ಒಬ್ಬ ಟೈಲರ್. ಮನೆ ಬಿಟ್ಟು ಹೋದ ಮಗಳು ಒಂಬತ್ತು ವರ್ಷದ ಮೇಲೆ ಅಂಗಡಿ ಬಾಗಿಲಲ್ಲಿ ಬಂದು ನಿಲ್ಲುತ್ತಾಳೆ. ಇಡೀ ಚಿತ್ರ ಆ ಒಂದು ದೃಶ್ಯಕ್ಕೆ ಕಾಯುತ್ತದೆ.

ನಿರ್ಮಾಪಕರು ಸುತ್ತಿ ಬಳಸುವವರಲ್ಲ. “ನೋಡಮ್ಮಾ, ಜುಲೈ ಇಪ್ಪತ್ಮೂರಕ್ಕೆ ಡಿಸ್ಟ್ರಿಬ್ಯೂಟರ್ಸ್ ನೋಡೋಕೆ ಬರ್ತಾರೆ. ಅಷ್ಟರಲ್ಲಿ ಚಿತ್ರ ತನ್ನ ಕಾಲ ಮೇಲೆ ನಿಲ್ಲಬೇಕು. ನಿಲ್ಲಲಿಲ್ಲ ಅಂದ್ರೆ ಬೇರೆ ಎಡಿಟರ್‌ಗೆ ಕೊಟ್ಬಿಡ್ತೀನಿ. ಬೇಜಾರು ಮಾಡ್ಕೋಬೇಡ.”

ಬಾಯಿಗೆ ಎಲ್ಲಿಂದ ಧೈರ್ಯ ಬಂತೋ. “ನಿಂತ್ರೆ ಸಂಕಲನ ಅಂತ ನನ್ನ ಹೆಸರು ಹಾಕ್ತೀರಾ ಸರ್?”

ಅವರು ಟೀ ಪೂರ್ತಿ ಕುಡಿದರು. ಲೋಟ ಕೆಳಗಿಟ್ಟರು. “ಮೊದ್ಲು ನಿಲ್ಲಲಿ.”

ಇಲ್ಲ ಎನ್ನಲಿಲ್ಲ. ಬರೆದಿಟ್ಟುಕೊಳ್ಳುತ್ತಿದ್ದೇನೆ — ಇಲ್ಲ ಎನ್ನಲಿಲ್ಲ.

ಜೂನ್ 17

ಹನ್ನೊಂದು ದಿನ ಈ ಡೈರಿ ತೆರೆಯಲೇ ಇಲ್ಲ. ಕೆಲಸ ಓಡುತ್ತಿದೆ. ಮೊದಲ ಅರ್ಧ ನಿಂತಿತು. ಮಫ್ಲರ್ ನೋಡಿ “ಪರವಾಗಿಲ್ಲ” ಎಂದ. ಈ ಕಸುಬಿನಲ್ಲಿ ಪರವಾಗಿಲ್ಲ ಎಂದರೆ ಹಾರ ಹಾಕಿದ ಹಾಗೆ.

ಸರ್ ಕುರ್ಚಿಯಲ್ಲಿ ಇನ್ನೂ ಕೂತಿಲ್ಲ. ಪಕ್ಕದ ನನ್ನ ಸ್ಟೂಲಿನಿಂದಲೇ ಕೈ ಚಾಚಿ ಕೆಲಸ ಮಾಡುತ್ತೇನೆ. ಸೊಂಟ ಹಿಡಿದುಕೊಂಡಿದೆ. ಹುಚ್ಚು.

ಜೂನ್ 21

ಅಂಗಡಿ ದೃಶ್ಯಕ್ಕೆ ಕೈ ಹಾಕಿದೆ. ಸತ್ತಿದೆ.

ಐದೂವರೆ ನಿಮಿಷ ಮಾತು. “ಅಪ್ಪಾ, ನಾನು ಹೊಸಿಲು ದಾಟಿದ ದಿನವೇ ನಿಮ್ಮೆದೆಯ ಬಾಗಿಲು ಮುಚ್ಚಿತೇ?” ಎನ್ನುತ್ತಾಳೆ ಮಗಳು. ಯಾವ ಮಗಳು ಹೀಗೆ ಮಾತಾಡುತ್ತಾಳೆ? ಆ ನಟಿ ಪಾಪ ಗ್ಲಿಸರಿನ್ ಹಾಕಿಕೊಂಡು ಒಂಬತ್ತು ಟೇಕ್ ಅತ್ತಿದ್ದಾಳೆ. ಅಪ್ಪನ ಪಾತ್ರದ ಹಿರಿಯ ನಟರು ಮಾತು ಮರೆತು, ನೆನೆದು, ಮತ್ತೆ ಮರೆತು ಒದ್ದಾಡಿದ್ದಾರೆ. ಅಲ್ಲಿಂದ ಇಲ್ಲಿಗೆ ಹಾಕಿದೆ, ಇಲ್ಲಿಂದ ಅಲ್ಲಿಗೆ ಹಾಕಿದೆ. ಏಳು ಬಗೆಯಲ್ಲಿ ಕತ್ತರಿಸಿದೆ. ಏಳೂ ನಾಟಕ. ಇದು ನಿಲ್ಲದಿದ್ದರೆ ಮೊದಲ ಅರ್ಧ ನಿಂತೂ ಪ್ರಯೋಜನವಿಲ್ಲ. ಚಿತ್ರ ಬೇರೆಯವರ ಪಾಲು, ನಾನು ಮತ್ತೆ ನಾಲ್ಕನೆಯ ಹೆಸರು.

ಮನೆಗೆ ಬಂದು ಇವರ ಮೇಲೆ ಹರಿಹಾಯ್ದೆ. ಕಾರಣ: ಟವೆಲ್ಲು. ಇವರು ಟವೆಲ್ಲು ಮಡಿಚಿ ಇಟ್ಟು ಹೊರಗೆ ಹೋಗಿ ನಿಂತರು.

ಜೂನ್ 24, ಸೋಮವಾರ

ಸಿಕ್ಕಿತು.

ಸಾವಕಾಶವಾಗಿ ಬರೆಯಬೇಕು. ಸಿಂಕ್ ಮಾಡುವವರಿಗೊಂದು ಕೆಟ್ಟ ಚಾಳಿ ಇದೆ, ಕ್ಲ್ಯಾಪ್‌ಗೆ ಮುಂಚೆ ಇರುವುದನ್ನು ಕಸ ಎಂದು ದಾಟಿಬಿಡುವುದು. ಹನ್ನೊಂದು ವರ್ಷ ದಾಟಿದ್ದೇನೆ. ಇವತ್ತು ಬೇಸರಕ್ಕೆ ಆರನೇ ಟೇಕನ್ನು ಮೊದಲಿನಿಂದ ಬಿಟ್ಟೆ. ಲೈಟಿನವರು ಏನೋ ಸರಿಮಾಡುತ್ತಿದ್ದಾರೆ. ಕ್ಯಾಮೆರಾ ಸುಮ್ಮನೆ ಓಡುತ್ತಿದೆ. ಹಿರಿಯ ನಟರಿಗೆ ಬೇಸರ. ಕತ್ತರಿ ಕೆಳಗಿಟ್ಟರು. ಕೊರಳಲ್ಲಿದ್ದ ಅಳತೆ ಟೇಪು ತೆಗೆದರು. ಅಭ್ಯಾಸಕ್ಕೋ, ಹೊತ್ತು ಹೋಗಲೆಂದೋ, ಆ ಹುಡುಗಿಯ ಭುಜಕ್ಕೆ ಹಿಡಿದರು. ತೋಳು ಅಳೆದರು. ಟೇಪು ನೋಡಿದರು. ಮತ್ತೆ ಅಳೆದರು. ಹುಡುಗಿ, ಸಣ್ಣ ಮಕ್ಕಳು ಅಳತೆಗೆ ನಿಲ್ಲುವ ಹಾಗೆ, ತೋಳು ಸ್ವಲ್ಪ ಎತ್ತಿ ನಿಂತಳು. ಗ್ಲಿಸರಿನ್ ಇಲ್ಲ. ಕ್ಯಾಮೆರಾ ಓಡುತ್ತಿದೆ ಎಂಬುದು ಇಬ್ಬರಿಗೂ ಗೊತ್ತಿಲ್ಲ. ನಲವತ್ತು ಸೆಕೆಂಡು. ಆಮೇಲೆ ಟಪ್ — ಕ್ಲ್ಯಾಪ್. ಮುಖ ಬಿಗಿ, ಮಾತು ಶುರು.

ಬಳಲಿದ ಮಗಳು ಎಷ್ಟು ಇಳಿದುಹೋಗಿದ್ದಾಳೆ ಎಂದು ಅಪ್ಪನಿಗೆ ಟೇಪು ಹೇಳುತ್ತಿದೆ. ಇನ್ನು ಮಾತು ಯಾಕೆ?

ಮಾತೆಲ್ಲ ತೆಗೆದೆ. ಒಬ್ಬರು ಮಾತಾಡುವಾಗ ಇನ್ನೊಬ್ಬರು ಸುಮ್ಮನೆ ಕೇಳಿಸಿಕೊಳ್ಳುವ ಮುಖಗಳಿವೆಯಲ್ಲ, ಅವಷ್ಟನ್ನೂ ಆರಿಸಿದೆ. ನಡುವೆ ಈ ನಲವತ್ತು ಸೆಕೆಂಡು ಇಟ್ಟೆ. ಎರಡು ನಿಮಿಷ ಐವತ್ತು ಸೆಕೆಂಡು. ಒಂದೇ ಒಂದು ಪದವಿಲ್ಲ. ನೋಡಿದೆ. ಮತ್ತೆ ನೋಡಿದೆ. ಎದ್ದು ಹೋಗಿ ಮುಖ ತೊಳೆದುಕೊಂಡು ಬಂದು ಸರ್ ಕುರ್ಚಿಯಲ್ಲಿ ಕೂತೆ. ಕೂತಮೇಲೆ ಗೊತ್ತಾಯಿತು, ಕೂತಿದ್ದೇನೆಂದು.

ಜೂನ್ 25

ಅತ್ತೆಗೆ ತೋರಿಸಿದೆ. ನನ್ನ ಮಟ್ಟಿಗೆ ಅತ್ತೆಯೇ ಸೆನ್ಸಾರ್ ಬೋರ್ಡು. ಬೆಳ್ಳುಳ್ಳಿ ಬಿಡಿಸುತ್ತ ನೋಡುತ್ತಾರೆ. ದೃಶ್ಯ ಸಪ್ಪೆಯಾದರೆ ಕೈ ಓಡುತ್ತದೆ, ಹಿಡಿದರೆ ಕೈ ನಿಲ್ಲುತ್ತದೆ. ಅವರಿಗೆ ಇದು ಗೊತ್ತಿಲ್ಲ, ನಾನು ಹೇಳಿಯೂ ಇಲ್ಲ.

ಲ್ಯಾಪ್‌ಟಾಪ್‌ನಲ್ಲಿ ಮೊದಲು ಮಾತಿನದ್ದು ಹಾಕಿದೆ. ಒಂದು ಗಡ್ಡೆ ಪೂರಾ ಮುಗಿದು ಎರಡನೆಯದಕ್ಕೆ ಬಂದರು. “ಈ ಹುಡುಗಿ ಒಳ್ಳೇ ಭಾಷಣ ಮಾಡ್ತಾಳೆ,” ಎಂದರು. ಆಮೇಲೆ ನನ್ನದು. ಟೈಲರ್ ಕತ್ತರಿ ಕೆಳಗಿಡುವಷ್ಟರಲ್ಲಿ ಅತ್ತೆ ಕೈ ನಿಂತಿತು. ಮುಗಿದ ಮೇಲೂ ಹಾಗೇ ಕೂತಿದ್ದರು.

“ಯಾಕತ್ತೆ, ಅರ್ಥ ಆಗ್ಲಿಲ್ವಾ? ಮಾತೇ ಇಲ್ಲ.”

“ಮಾತಾಡೋಕೆ ಏನುಳಿದಿದೆ ಬಿಡು,” ಎಂದರು. ಒಳಗೆ ಹೋದರು. ಬೆಳ್ಳುಳ್ಳಿ ಅಲ್ಲೇ ಇತ್ತು.

ಜೂನ್ 28

ಮಫ್ಲರ್ ನೋಡಿದ. ಕೊನೆಯವರೆಗೂ ನೋಡಲಿಲ್ಲ. ಒಂದೂವರೆ ನಿಮಿಷಕ್ಕೆ ಸ್ಪೇಸ್ ಬಾರ್ ಒತ್ತಿದ.

“ನನ್ ಮಾತೆಲ್ಲಿ?”

“ಇಲ್ಲ ಸರ್. ಇದ್ರಲ್ಲಿ ಬೇಡ ಅನ್ನಿಸ್ತು.”

“ಯಾರಿಗೆ ಅನ್ನಿಸ್ತು? ಆ ಮಾತು ಬರೆಯೋಕೆ ನಾಲ್ಕು ತಿಂಗಳು ತಗೊಂಡಿದ್ದೀನಿ ಮೇಡಂ. ಆ ಮಾತಿಗೋಸ್ಕರ ಸಿನಿಮಾ ಮಾಡಿದ್ದು. ನೀವು ರಿಹರ್ಸಲ್ ಕಸ ಆಯ್ದು ಅದ್ರಲ್ಲಿ ಹಾಕ್ತೀರಾ? ಮಾತಿಂದು ವಾಪಸ್ ಹಾಕಿ. ಅದೇ ಫೈನಲ್.”

ಹಾಕಿದೆ. ಇನ್ನೇನು ಮಾಡಲಿ. ಮಾತಿನದ್ದನ್ನು ಹೊರಗಿನಿಂದ ಚೆನ್ನಾಗಿ ಒರೆಸಿ ಇಟ್ಟೆ, ಸತ್ತವರಿಗೆ ತಲೆ ಬಾಚಿದ ಹಾಗೆ. ನನ್ನದನ್ನು ಮಾತ್ರ ಅಳಿಸಲಿಲ್ಲ.

ಹೊಟ್ಟೆ ಉರಿಯುತ್ತಿದೆ. ಅವನ ಮೇಲಲ್ಲ. ಸ್ವಲ್ಪ ಅವನ ಮೇಲೂ.

ಜುಲೈ 9, ಬೆಳಿಗ್ಗೆ

ಸರ್ ಬಂದರು. ಐದು ವಾರದ ಮೇಲೆ. ಕಪ್ಪು ಕನ್ನಡಕ, ಕೈಯಲ್ಲಿ ಡ್ರಾಪ್ಸ್ ಬಾಟಲಿ. ಮಾನಿಟರ್ ಆರಿಸಲು ಹೋದೆ. “ಅದರ ಪಾಡಿಗೆ ಇರ್ಲಿ, ನಾನು ಗೋಡೆ ಕಡೆ ತಿರುಗಿ ಕೂರ್ತೀನಿ,” ಎಂದರು. ಹಾಗೇ ಕೂತರು, ಶಿಕ್ಷೆ ಕೊಟ್ಟ ಮಕ್ಕಳ ಹಾಗೆ. “ಹೂಂ, ಹಾಕು. ಅಂಗಡಿ ಸೀನು.”

ಮಾತಿನದ್ದು ಹಾಕಿದೆ. ಕೇಳಿದರು. “ಇನ್ನೊಂದು ಇದ್ಯಂತಲ್ಲ. ಮಫ್ಲರ್ ಫೋನ್ ಮಾಡಿ ನಿನ್ ಮೇಲೆ ದೂರು ಹೇಳಿದ.” (ಅವನ ಹೆಸರು ಸರ್ ಬಾಯಲ್ಲೂ ಮಫ್ಲರ್ ಆಗಿದೆ. ನಾನು ಯಾವಾಗ ಹೇಳಿದೆನೋ.)

ನನ್ನದನ್ನು ಹಾಕಿದೆ. ಸರ್ ಗೋಡೆಗೆ ಕಿವಿ ಕೊಟ್ಟಂತೆ ಬಗ್ಗಿದರು.

“ಕತ್ತರಿ ಕೆಳಗಿಟ್ಟ.”

“ಹೂಂ.”

“ಟೇಪ್ ಎಳೆದ… ಅಳತೆ ತಗೋತಿದ್ದಾನಾ?”

“ಹೂಂ ಸರ್.”

“ಅವ್ಳು?”

“ನಿಂತಿದ್ದಾಳೆ.”

ದೃಶ್ಯ ಮುಗಿಯಿತು. ನಾನು ಉಗುರು ಕಚ್ಚುತ್ತಿದ್ದೆ.

“ಮೂರನೇ ಕಟ್ ಬೇಗ ಆಯ್ತು,” ಎಂದರು.

“ನೋಡ್ದೆ ಹೇಗೆ ಗೊತ್ತಾಯ್ತು ಸರ್?”

“ಅಂಗಡಿ ಫ್ಯಾನ್ ಸದ್ದು ತಟಕ್ಕಂತ ಬದಲಾಯ್ತು. ಅವಳು ಉಸಿರು ಬಿಡೋ ಮುಂಚೆ ಕತ್ತರಿಸಿದ್ದೀಯ. ಬಿಡಲಿ ಪಾಪ.” ಬಾಗಿಲ ಹತ್ತಿರ ನಿಂತು ಹೇಳಿದರು: “ಚಿತ್ರ ಅವನದ್ದು, ಅವನು ಹೇಳಿದ್ ಮಾಡು. ಆದ್ರೆ ಇದನ್ನ ಅಳಿಸ್ಬೇಡ.”

ಹತ್ತು ಫ್ರೇಮ್ ಬಿಟ್ಟೆ. ಅವಳು ಉಸಿರು ಬಿಟ್ಟಳು. ಈಗ ನಿಜವಾಗಿ ಮುಗಿಯಿತು.

ಜುಲೈ 22

ನಾಳೆ ಹನ್ನೊಂದಕ್ಕೆ ಪ್ರಿವ್ಯೂ. ಇಡೀ ದಿನ ಎಕ್ಸ್‌ಪೋರ್ಟ್. ಫೈಲುಗಳ ಹೆಸರು ನೋಡಿದರೆ ನನಗೇ ನಗು. ‘ಫೈನಲ್’, ‘ಫೈನಲ್ ಹೊಸದು’, ‘ಇದೇ ಫೈನಲ್’, ‘ಇದೇ ಫೈನಲ್ ಖಂಡಿತ’, ‘ಇದೇ ಫೈನಲ್ ಖಂಡಿತ 2’. ಡಿಸ್ಕ್ ಪ್ರಿವ್ಯೂ ಥಿಯೇಟರಿಗೆ ಕಳಿಸಿದೆ. ಕಣ್ಣು ಉರಿ. ಅತ್ತೆ ಹತ್ತಿ ನೆನೆಸಿ ಕೊಟ್ಟರು.

ಜುಲೈ 23, ಮಧ್ಯಾಹ್ನ ಮೂರು

ಥಿಯೇಟರ್ ಹಿಂದಿನ ಮೆಟ್ಟಿಲ ಮೇಲೆ ಕೂತು ಬರೆಯುತ್ತಿದ್ದೇನೆ. ಆದದ್ದು ಆದ ಹಾಗೆ:

ಡಿಸ್ಟ್ರಿಬ್ಯೂಟರ್ಸ್ ಎಂಟು ಜನ. ಮುಂದೆ ನಿರ್ಮಾಪಕರು, ಮಫ್ಲರ್. ಕೊನೆಯ ಸಾಲಲ್ಲಿ ನಾನು. ದೀಪ ಆರಿತು. ಅಂಗಡಿಯ ಷಟರ್ ಮೇಲೆದ್ದಿತು — ಎಂಟು ಫ್ರೇಮ್ ಮುಂಚೆ. ಸೆಕೆಂಡಿನಲ್ಲಿ ಮೂರನೇ ಒಂದು ಭಾಗ. ಈ ಭೂಮಿ ಮೇಲೆ ಅದು ಗೊತ್ತಾಗುವುದು ನನ್ನೊಬ್ಬಳಿಗೇ. ನನ್ನ ವರ್ಷನ್‌ನಲ್ಲಿ ಮಾತ್ರ ಷಟರನ್ನು ಎಂಟು ಫ್ರೇಮ್ ಮುಂಚೆಯೇ ಎತ್ತಿಸಿದ್ದೆ.

‘ಖಂಡಿತ’ ಕಳಿಸುವ ಬದಲು ಮಾತಿಲ್ಲದ ನನ್ನ ‘ಖಂಡಿತ 2’ ಕಳಿಸಿದ್ದೇನೆ.

ಅಂಗಡಿ ದೃಶ್ಯಕ್ಕೆ ಇನ್ನೂ ಒಂದು ಗಂಟೆ ಇಪ್ಪತ್ತು ನಿಮಿಷ ಇದೆ. ನಿಲ್ಲಿಸಬಹುದು. ಸರಿಯಾದ ಫೈಲು ನನ್ನ ಬ್ಯಾಗಿನಲ್ಲೇ ಇದೆ. ಎದ್ದೆ. ಪ್ರೊಜೆಕ್ಷನ್ ರೂಮಿನ ಮೆಟ್ಟಿಲು ಹತ್ತಿದೆ. ಬಾಗಿಲು ತಳ್ಳಿದೆ. ಆಪರೇಟರ್ ತಿರುಗಿ ನೋಡಿದರು. “ಏನ್ ಮೇಡಂ?”

ಹನ್ನೊಂದು ವರ್ಷ ಯಾರು ಏನು ಹೇಳಿದರೂ ಹೂಂ ಎಂದಿದ್ದೇನೆ. ಬಾಯಿ ತೆರೆದೆ.

“ಸೌಂಡ್ ಸ್ವಲ್ಪ ಜಾಸ್ತಿ ಮಾಡಿ,” ಎಂದೆ. ಇಳಿದು ಬಂದು ಕೂತೆ.

ಗೊತ್ತಿದ್ದೂ ಮಾಡಿದೆ. ಕಳಿಸಿದ್ದು ಕಣ್ತಪ್ಪು, ನಿಲ್ಲಿಸದೇ ಇದ್ದದ್ದು ಕಣ್ತಪ್ಪಲ್ಲ. ಹಾಗೆಂದು ಇಲ್ಲಾದರೂ ಬರೆದಿಡುತ್ತೇನೆ.

ದೃಶ್ಯ ಬಂತು. ಮಗಳು ಬಾಗಿಲಲ್ಲಿ ನಿಂತಳು. ಮಾತು ಬರಬೇಕಾದ ಜಾಗಕ್ಕೆ ಮಾತು ಬರಲಿಲ್ಲ. ಮಫ್ಲರ್ ಬೆನ್ನು ನೆಟ್ಟಗಾಯಿತು. ಸರಕ್ಕನೆ ಹಿಂದೆ ತಿರುಗಿ ಕತ್ತಲಲ್ಲಿ ನನ್ನನ್ನು ಹುಡುಕಿದ. ನಾನು ಕುರ್ಚಿಯಲ್ಲಿ ಕುಸಿದೆ. ಅಷ್ಟರಲ್ಲಿ ಕತ್ತರಿ ಕೆಳಗಿಟ್ಟ ಸದ್ದು. ಅವನು ಪರದೆ ಕಡೆ ತಿರುಗಿದ. ಮತ್ತೆ ತಿರುಗಲಿಲ್ಲ.

ಮೊದಲಿನಿಂದ ಫೋನು ಉಜ್ಜುತ್ತಿದ್ದ ದಪ್ಪನೆಯ ಡಿಸ್ಟ್ರಿಬ್ಯೂಟರ್ ಒಬ್ಬರು ಫೋನು ಬೋರಲು ಹಾಕಿದರು. ಅದರ ಬೆಳಕು ಹೋದದ್ದು ನೋಡಿದೆ. ಕೆಮ್ಮುತ್ತಿದ್ದವರು ಕೆಮ್ಮಲಿಲ್ಲ. ಟೇಪು ಭುಜದ ಮೇಲೆ ಸರಿಯುವ ಸದ್ದು ಇಡೀ ಹಾಲಿನಲ್ಲಿ ಕೇಳುತ್ತಿತ್ತು. (ಸೌಂಡು ಜಾಸ್ತಿ ಮಾಡಿಸಿದ್ದು ಒಳ್ಳೆಯದಾಯಿತು.) ಅವಳು ಉಸಿರು ಬಿಟ್ಟಾಗ ಮುಂದಿನ ಸಾಲಲ್ಲೂ ಯಾರೋ ಉಸಿರು ಬಿಟ್ಟರು. ನನ್ನ ಜೀವನದಲ್ಲಿ ಇಷ್ಟು ಖುಷಿ ಯಾವತ್ತೂ ಆಗಿಲ್ಲ. ಮದುವೆ ದಿನವೂ ಆಗಿರಲಿಲ್ಲ. ಇವರು ಇದನ್ನು ಓದದಿದ್ದರೆ ಸಾಕು.

ದೀಪ ಹತ್ತಿತು. ಚಪ್ಪಾಳೆ ಇಲ್ಲ. ಆ ದಪ್ಪನೆಯವರು ಎದ್ದು ನಿರ್ಮಾಪಕರ ಕೈ ಹಿಡಿದುಕೊಂಡು, “ನನ್ನ ಮಗಳಿಗೆ ಒಂದು ಫೋನ್ ಮಾಡ್ಬೇಕು, ಐದು ನಿಮಿಷ ಬಂದೆ,” ಎಂದು ಹೊರಗೆ ಹೋದರು.

ಮಫ್ಲರ್ ನನ್ನ ಹತ್ತಿರ ಬಂದ. ಎಲ್ಲ ಹೇಳಿಬಿಟ್ಟೆ. ತಪ್ಪು ಫೈಲು ಹೋದದ್ದು, ಮೊದಲ ಶಾಟಿನಲ್ಲೇ ಗೊತ್ತಾದದ್ದು, ಮೇಲೆ ಹೋಗಿಯೂ ನಿಲ್ಲಿಸದೇ ಇದ್ದದ್ದು. ಕೇಳಿದ. ಕುತ್ತಿಗೆಯಿಂದ ಮಫ್ಲರ್ ಬಿಚ್ಚಿದ. ಒಳಗೆ ಏನೂ ಇರಲಿಲ್ಲ, ಬರೀ ಕುತ್ತಿಗೆ. ಅದರಿಂದಲೇ ಮುಖ ಒರೆಸಿಕೊಂಡ.

“ಕತ್ತರಿ ಸದ್ದು ಸ್ವಲ್ಪ ಜೋರಾಯ್ತು,” ಎಂದ.

“ಕಡಿಮೆ ಮಾಡ್ತೀನಿ ಸರ್.”

“ಟೇಪಿಂದು ಮುಟ್ಬೇಡಿ.” ಮಫ್ಲರನ್ನು ಮಡಿಚಿಕೊಂಡ. “ಮಾತು ಬರೆದೋನು ನಾನು. ಬೇಡ ಅಂತ ಹೇಳ್ಬೇಕಾದೋನೂ ನಾನೇ ಆಗಿದ್ದೆ. ನೀವು ಹೇಳಿದ್ರಿ. ಬಿಡಿ. ಲಾಕ್ ಮಾಡಿ.”

ಲಾಕ್. ಇನ್ನು ಒಂದು ಫ್ರೇಮೂ ಬದಲಾಗುವಂತಿಲ್ಲ. ಅವನೇ ಹೇಳಿದ. ಚಿತ್ರ ನಿಂತಿತು.

ಜುಲೈ 26, ಶುಕ್ರವಾರ

ನಿರ್ಮಾಪಕರು ಸರ್ ಮನೆಗೆ ಕರೆಸಿದರು. ಹೆಸರಿನ ವಿಷಯ.

“ಹೀಗ್ ಮಾಡೋಣ,” ಎಂದರು ನಿರ್ಮಾಪಕರು. “ಸಂಕಲನ ಅಂತ ನಿಮ್ ಹೆಸರು. ಕೆಳಗೆ ‘ಜೊತೆಗೆ’ ಅಂತ ಸಣ್ಣಕ್ಕೆ ಈಯಮ್ಮನ ಹೆಸರು. ನಿಮ್ಮ ಹೆಸರಿಗೆ ಮಾರ್ಕೆಟ್ ಇದೆ.”

ಸರ್ ಬಾಗಿಲ ಬೆಳಕಿಗೆ ಬೆನ್ನು ಹಾಕಿ ಕೂತಿದ್ದರು. “ಆಗಲ್ಲ,” ಎಂದರು.

ಸಣ್ಣಕ್ಷರವೂ ಬೇಡವೇ ಎಂದುಕೊಂಡೆ.

“ನಾನು ನೋಡೇ ಇಲ್ಲದ ಚಿತ್ರಕ್ಕೆ ನನ್ನ ಹೆಸರು ಹೇಗ್ರೀ ಹಾಕ್ತೀರಾ? ಒಂದು ಫ್ರೇಮ್ ನೋಡಿಲ್ಲ. ಗೋಡೆ ನೋಡಿದ್ದೀನಿ ಅಷ್ಟೆ.”

“ಅಗ್ರಿಮೆಂಟು…”

“ಹರಿದು ಹಾಕಿ. ಇವಳದ್ದು ಒಂದೇ ಹೆಸರು, ಒಂದೇ ಟೈಟಲ್ ಕಾರ್ಡು. ಇಲ್ಲಾಂದ್ರೆ ಯಾರ ಹೆಸರೂ ಬೇಡ.”

ನಿರ್ಮಾಪಕರು ನನ್ನ ಕಡೆ ನೋಡಿದರು. “ನಿಲ್ಲಲಿ ಅಂದಿದ್ದೆ. ನಿಂತಿದೆ. ಹಾಕೋಣ,” ಎಂದರು.

ಅವರು ಹೋದ ಮೇಲೆ ಸರ್ ನನ್ನನ್ನು ಕೂರಿಸಿಕೊಂಡರು. “ಹಿಂದಿನ ಆರಕ್ಕೆ ಹಾಕ್ಕೊಂಡೆ. ನಿನ್ ಕೈ ಅಂತ ಗೊತ್ತಿತ್ತು, ಆದ್ರೂ ಹಾಕ್ಕೊಂಡೆ. ನಮ್ ಗುರುಗಳೂ ನಂಗೆ ಹಾಗೇ ಮಾಡಿದ್ರು, ಅದೇ ಪದ್ಧತಿ ಅಂದ್ಕೊಂಡಿದ್ದೆ. ನಿನ್ನ ಒಂದ್ ಮಾತು ಕೇಳ್ಬೇಕಿತ್ತು.”

“ಕೇಳಿದ್ರೆ ಹೂಂ ಅಂತಿದ್ದೆ ಸರ್.”

“ಅದಕ್ಕೇ ಕೇಳ್ಬೇಕಿತ್ತು.”

ದಾರಿಯುದ್ದಕ್ಕೂ ಅತ್ತುಕೊಂಡು ಬಂದೆ. ಜನ ನೋಡುತ್ತಿದ್ದರು. ನೋಡಲಿ. ಮನೆಯಲ್ಲಿ ಇವರಿಗೆ ಹೇಳಿದೆ. ಇವರು ಪೇಪರ್ ತೆಗೆದುಕೊಂಡು ಲೆಕ್ಕ ಹಾಕಿದರು: ಕಾರ್ಡು ಮೂರು ಸೆಕೆಂಡು, ಸೆಕೆಂಡಿಗೆ ಇಪ್ಪತ್ತನಾಲ್ಕು ಫ್ರೇಮು, ಒಟ್ಟು ಎಪ್ಪತ್ತೆರಡು ಫ್ರೇಮು. “ಎಪ್ಪತ್ತೆರಡು ಸಲ ನಿನ್ನ ಹೆಸರು,” ಎಂದರು. ಲೆಕ್ಕದ ಮೇಷ್ಟ್ರನ್ನು ಮದುವೆಯಾದದ್ದು ಮೊದಲ ಬಾರಿ ಸಾರ್ಥಕವಾಯಿತು.

ಅಕ್ಟೋಬರ್ 4, ಶುಕ್ರವಾರ, ಮಧ್ಯಾಹ್ನ ಎರಡು ಗಂಟೆ

ಬಿಡುಗಡೆ. ಥಿಯೇಟರಿನ ಒಳಗಿನಿಂದ. ಬೇಗ ಬರೆಯಬೇಕು.

ಬೆಳಗಿನ ಆಟಕ್ಕೆ ಎಲ್ಲರೂ ಬಂದಿದ್ದೆವು. ಅತ್ತೆ, ಇವರು, ನಡುವೆ ನಾನು, ಈ ಪಕ್ಕ ಸರ್. ಡಾಕ್ಟರು ಒಪ್ಪಿಗೆ ಕೊಟ್ಟ ಮೇಲೆ ಸರ್ ನೋಡುವ ಮೊದಲ ಚಿತ್ರ. ಬೇರೆ ಯಾವುದನ್ನೂ ನೋಡದೆ ಇದಕ್ಕೇ ಕಾದಿದ್ದರಂತೆ. ದೀಪ ಆರಿತು. ಟೈಟಲ್ ಶುರು. ಸರ್ ಕಣ್ಣಲ್ಲಿ ನೀರು ಸುರಿಯತೊಡಗಿತು. “ಡ್ರಾಪ್ಸು,” ಎಂದರು. ಬಾಟಲಿ ನನ್ನ ಬ್ಯಾಗಿನಲ್ಲಿತ್ತು. ತಲೆ ಬಗ್ಗಿಸಿ ಹುಡುಕಿದೆ, ಬಾಚಣಿಗೆ, ಬೀಗದ ಕೈ, ಪೆನ್ನು, ಎಲ್ಲ ಸಿಕ್ಕಿತು. ಅದು ಸಿಗುವಷ್ಟರಲ್ಲಿ ಆ ತುದಿಯಲ್ಲಿ ಅತ್ತೆ ಚಪ್ಪಾಳೆ ತಟ್ಟಿದರು. ಇವರು ಭುಜ ಅಲುಗಿಸಿ “ನೋಡಿದ್ಯಾ?” ಎಂದರು. ತಲೆಯೆತ್ತಿದೆ. ಪರದೆ ಮೇಲೆ ಸಂಗೀತ ನಿರ್ದೇಶಕರ ಹೆಸರಿತ್ತು.

ಹನ್ನೊಂದು ವರ್ಷ ಕಾದ ಎಪ್ಪತ್ತೆರಡು ಫ್ರೇಮು. ಒಂದೂ ನೋಡಲಿಲ್ಲ.

“ನೀವಾದ್ರೂ ನೋಡಿದ್ರಾ ಸರ್?” ಎಂದೆ.

“ನೋಡ್ದೆ. ಡ್ರಾಪ್ಸ್ ಬೇಡ ಈಗ,” ಎಂದರು. ಆ ನೀರು ಕಣ್ಣಿನ ಕಾಯಿಲೆಯದಲ್ಲ ಎಂದು ಆಮೇಲೆ ಹೊಳೆಯಿತು. ಅಂಗಡಿ ದೃಶ್ಯಕ್ಕೆ ಜನ ಉಸಿರು ಹಿಡಿದರು. ಮುಗಿದ ಮೇಲೆ ಎದ್ದು ನಿಂತು ತಟ್ಟಿದರು. ಬಾಗಿಲಲ್ಲಿ ಮಫ್ಲರ್ ಎಲ್ಲರಿಗೂ ನನ್ನನ್ನು ತೋರಿಸಿ “ಇವರೇ ನಮ್ ಎಡಿಟರ್” ಎಂದ, ಪಾಪ್‌ಕಾರ್ನ್ ಮಾರುವವನಿಗೂ ಸೇರಿಸಿ. ಅದೆಲ್ಲ ಸರಿ. ನನ್ನ ಹೆಸರು?

ಇವರು ಹೋಗಿ ಮಧ್ಯಾಹ್ನದ ಆಟಕ್ಕೆ ನಾಲ್ಕು ಟಿಕೆಟ್ ತಂದರು. ಅತ್ತೆ ಮಂಡಿನೋವು ಮರೆತು ಮೊದಲು ಒಳಗೆ ಹೋಗಿ ಕೂತರು. ಬ್ಯಾಗು ಇವರ ಕೈಯಲ್ಲಿ. ಡ್ರಾಪ್ಸು ಸರ್ ಜೇಬಿನಲ್ಲಿ. ನನ್ನ ಕೈಯಲ್ಲಿ ಈ ಡೈರಿ ಮಾತ್ರ. ಬೆಲ್ಲಾಯಿತು. ದೀಪ ಆರುತ್ತಿದೆ, ಅಕ್ಷರ ಕಾಣುತ್ತಿಲ್ಲ, ಅಂದಾಜಿನಲ್ಲಿ ಬರೆಯುತ್ತಿದ್ದೇನೆ. ನಿರ್ಮಾಪಕರ ಕಾರ್ಡ್ ಹೋಯಿತು. ಕಲಾವಿದರು ಹೋದರು. “ಬರೆಯೋದ್ ನಿಲ್ಸು, ತಲೆ ಎತ್ತು,” ಎನ್ನುತ್ತಿದ್ದಾರೆ ಸರ್. ಛಾಯಾಗ್ರಹಣ ಹೋಯಿತು. ಈಗ —